ಭಾದ್ರಪದ ಮಾಸದ ಸ್ವಾಗತ



ಭಾದ್ರಪದ ಬಂತೆಂದರೆ ಶ್ರಾವಕರ ಲಕ್ಷ್ಯವು ಶುದ್ಧ ಪಂಚಮಿಯ ಕಡೆಗೆ. ಅಂದು ದಶಲಕ್ಷಣ ಪರ್ವದ ಆರಂಭ. ಆದರೆ ಕೃಷ್ಣಾತೀರದ ಈ ಉಗಾರ ಬುದ್ರುಕದವರಿಗೆ ಮಾಸದ ಎರಡನೆಯ ದಿನವೂ ಸ್ಮರಣೀಯವಾದುದು. 1955ರ ಭಾದ್ರಪದ ಶುದ್ಧ ದ್ವಿತೀಯೆಯಂದು ಪರಮಪೂಜ್ಯ ಚಾರಿತ್ರಚಕ್ರವರ್ತಿ ಆಚಾರ್ಯ ಶ್ರೀ ಶಾಂತಿಸಾಗರ ಮಹಾರಾಜರು ಕುಂಥಲಗಿರಿಯಲ್ಲಿ ಸಲ್ಲೇಖನಾಪೂರ್ವಕ ಸಮಾಧಿಸ್ಥರಾದರು. ಅವರು ಇದೇ ಬೆಳಗಾವಿ ಜಿಲ್ಲೆಯ ಭೋಜ ಗ್ರಾಮದವರು.

ಗೃಹಸ್ಥರಾಗಿದ್ದಾಗ ಅವರು ಸಾತಗೌಡರು. ಮನೆಯ ಬಟ್ಟೆ ಅಂಗಡಿಯಲ್ಲಿ ತಮ್ಮನ ಬದಲಾಗಿ ಕುಳಿತರೆ, ಗಿರಾಕಿಗೆ ತಾನೇ ಅಳೆದುಕೊಂಡು ತಾನೇ ವಹಿಯಲ್ಲಿ ಬರೆಯುವಂತೆ ಹೇಳುತ್ತಿದ್ದರೆಂದು ಅವರ ಚರಿತ್ರೆಯು ತಿಳಿಸುತ್ತದೆ. ಇಂದಿನ ವ್ಯಾಪಾರಸ್ಥನಿಗೆ ನಂಬಲು ಕಷ್ಟವಾದ ಮಾತೇ ಸರಿ!

ಅಮಾವಾಸ್ಯೆಗೆ ಕಿರ್ದಿ-ಖಾತೆಗಳ ಬಾಕಿ ತೆಗೆಯುವ ಶ್ರಾವಕನು ಪ್ರತಿಪದೆಯ ಪ್ರಾತಃಕಾಲ ಜಿನಬಿಂಬದೆದುರು ಮನಸ್ಸಿನ ಬಾಕಿಯನ್ನೂ ತೆಗೆಯಬೇಡವೇ? ಪ್ರತಿಕ್ರಮಣವೆಂದರೆ ಅದೇ. ಪರ್ವ ಮುಗಿದ ಮೇಲೆ ಸ್ನೇಹಿತರಲ್ಲಿ ಕ್ಷಮೆ ಬೇಡುವುದು ಸುಲಭ. ಹೊಲದ ಬದುವಿಗಾಗಿ ಕೋರ್ಟಿನ ಮೆಟ್ಟಿಲೇರಿದ ಅಣ್ಣತಮ್ಮಂದಿರು ಮಾತ್ರ ಅಭಿಷೇಕದ ವೇಳೆಯಲ್ಲಿಯೂ ಒಬ್ಬರ ಮುಖವನ್ನೊಬ್ಬರು ನೋಡದೆ ನಿಲ್ಲುತ್ತಾರೆ. ದಶಧರ್ಮಗಳಲ್ಲಿ ಮೊದಲನೆಯದು ಉತ್ತಮಕ್ಷಮೆ. ಅದರ ಪೂಜೆಗೆ ಪ್ರತಿಪದೆಯಿಂದ ನಾಲ್ಕು ದಿನಗಳ ಅವಕಾಶವಿದೆ. ಅಷ್ಟರೊಳಗೆ ತಮ್ಮನ ಮನೆಗೆ ಅಣ್ಣನೇ ಮೊದಲು ಹೋಗಲಿ. ಹಿರಿಯನೆಂಬ ಮಾನವು ಅಡ್ಡಬಾರದಿರಲಿ.

ಜೈ ಜಿನೇಂದ್ರ.