ಹನ್ನೆರಡು ನಿಮಿಷ, ಒಂದು ಬಿಳಿ ಮೀನು

ಇವತ್ತು ರಾಜಕೀಯ ಇಲ್ಲ, ಮೀನಿನ ವಿಷಯ. ರಿಮೋಟ್ ಕೆಳಗಿಡಿ. ಯಾಕಂದ್ರೆ ಈ ಮೀನು ಇರೋದು ನಿಮ್ಮ ಮನೆ ನಲ್ಲಿಯ ಇನ್ನೊಂದು ತುದಿಯಲ್ಲಿ.

ನಾನಿರೋದು ಶೇಷಾದ್ರಿಪುರಂನಲ್ಲಿ. ನಮ್ಮ ಬಡಾವಣೆಗೆ ಹೆಸರು ಕೊಟ್ಟ ದಿವಾನ್ ಶೇಷಾದ್ರಿ ಅಯ್ಯರ್ ಕಾಲದಲ್ಲೇ ಶಿವನಸಮುದ್ರದ ವಿದ್ಯುತ್ ಯೋಜನೆ ರೂಪುಗೊಂಡಿದ್ದು. 1902ರಲ್ಲಿ ಅಲ್ಲಿಂದ ಕೋಲಾರದ ಚಿನ್ನದ ಗಣಿಗೆ ಕರೆಂಟ್ ಹೋಯಿತು. ಈಗ ನಮಗೆ ಕುಡಿಯೋಕೆ ಬರುವ ಕಾವೇರಿ ನೀರೂ ಅದೇ ಆಸುಪಾಸಿನದು, ತೊರೆಕಾಡನಹಳ್ಳಿಯಿಂದ ಪಂಪ್ ಆಗಿ ಬರುತ್ತೆ. ಆ ಜಲಪಾತದ ಕೆಳಗೆ ಮುತ್ತತ್ತಿ, ಭೀಮೇಶ್ವರಿ ಕಡೆಯ ಮಡುಗಳು ಇವೆಯಲ್ಲ, ಅದು ಗೂನುಬೆನ್ನಿನ ಮಹಶೀರ್ ಮೀನಿನ ಮನೆ. ಅಲ್ಲಿನವರ ಬಾಯಲ್ಲಿ ಬಿಳಿ ಮೀನು. 1946ರಲ್ಲಿ ಮೈಸೂರಿನ ವ್ಯಾನ್ ಇಂಗೆನ್ ಕುಟುಂಬದವರೊಬ್ಬರ ಗಾಳಕ್ಕೆ ಬಿದ್ದ ಮಹಶೀರ್ 120 ಪೌಂಡ್ ಇತ್ತು. ಅಂದ್ರೆ 54 ಕೆಜಿ!

ಇಷ್ಟು ದೊಡ್ಡ ಮೀನಿಗೆ ಸರಿಯಾದ ವೈಜ್ಞಾನಿಕ ಹೆಸರು ಗೊತ್ತಾಗಿದ್ದು ಯಾವಾಗ ಹೇಳಿ? 2018ರಲ್ಲಿ. ಟಾರ್ ರೆಮಾದೇವಿ. ಅದೇ ವರ್ಷ ಅಳಿವಿನ ಅಂಚಿನ ಪಟ್ಟಿಗೂ ಸೇರಿಸಿದರು. ನಾಮಕರಣ, ಐಸಿಯು ಎರಡೂ ಒಟ್ಟಿಗೆ.

ಅಣೆಕಟ್ಟು, ಮರಳು ಗಣಿಗಾರಿಕೆ, ಡೈನಮೈಟ್ ಇವೆಲ್ಲ ನಿಮಗೆ ಗೊತ್ತು. ಗೊತ್ತಿಲ್ಲದ ಕಾರಣ ಇನ್ನೊಂದಿದೆ. ಮೀನು ಕಡಿಮೆಯಾಯಿತು ಅಂತ ಒಳ್ಳೆ ಮನಸ್ಸಿನಿಂದಲೇ ಮರಿ ಸಾಕಿ ಹೊಳೆಗೆ ಬಿಟ್ಟರು. ಬಿಟ್ಟಿದ್ದು ಬೇರೆ ಜಾತಿ, ನೀಲಿ ರೆಕ್ಕೆಯ ಮಹಶೀರ್. ಅದು ಹೊಳೆ ತುಂಬಿತು, ಲೆಕ್ಕ ಚೆನ್ನಾಗಿ ಕಂಡಿತು, ನಮ್ಮದು ಸದ್ದಿಲ್ಲದೆ ಸರಿಯಿತು. ಅಮೆರಿಕದ ಸಾಲ್ಮನ್ ಕತೆಯೂ ಹೆಚ್ಚುಕಮ್ಮಿ ಇದೇ. ಅಲ್ಲಿ 2019ರಲ್ಲಿ 'ಆರ್ಟಿಫಿಶಲ್' ಅಂತ ಸಾಕ್ಷ್ಯಚಿತ್ರ ಬಂತು. ಸಾಕಿದ ಮೀನು ಕಾಡು ಮೀನನ್ನು ಹೇಗೆ ಕೆಡಿಸುತ್ತೆ ಅಂತ ತೋರಿಸಿತು.

ಸಿನಿಮಾದಿಂದ ನದಿ ಉಳಿಯುತ್ತಾ ಅಂತ ನಗಬೇಡಿ. ಕುದುರೆಮುಖ ನೆನಪಿದೆಯಾ? ತುಂಗೆ, ಭದ್ರೆ, ನೇತ್ರಾವತಿ ಹುಟ್ಟುವ ಬೆಟ್ಟ. ಮಳೆಗಾಲದಲ್ಲಿ ಗಣಿಯ ಕೆಂಪು ಕೆಸರು ಭದ್ರೆಗೆ ಇಳಿಯುತ್ತಿತ್ತು. ಕಬ್ಬಿಣದ ಅದಿರು ಎಷ್ಟು ಟನ್ ಅಂತ ಕಂಪನಿಯ ಲೆಕ್ಕದಲ್ಲಿತ್ತು, ಕೆಸರು ಯಾರ ಕಣ್ಣಿಗೂ ಬಿದ್ದಿರಲಿಲ್ಲ. 2001ರಲ್ಲಿ ಚೆನ್ನೈನ ಶೇಖರ್ ದತ್ತಾತ್ರಿ 'ಮೈಂಡ್‌ಲೆಸ್ ಮೈನಿಂಗ್' ಮಾಡಿದರು. ಬರೀ ಹನ್ನೆರಡು ನಿಮಿಷ. ಟಿಕೆಟ್ ಮಾರೋಕೆ ಮಾಡಿದ್ದಲ್ಲ, ತೀರ್ಮಾನ ತೆಗೆದುಕೊಳ್ಳುವವರು ನೋಡಲಿ ಅಂತ ಮಾಡಿದ್ದು. 2002ರ ಅಕ್ಟೋಬರ್ 30ಕ್ಕೆ ಸುಪ್ರೀಂ ಕೋರ್ಟ್ ತೀರ್ಪು ಬಂತು, 2005ರ ಕೊನೆಗೆ ಗಣಿ ನಿಂತಿತು. ಸಿನಿಮಾ ಒಂದೇ ನಿಲ್ಲಿಸಿತು ಅನ್ನೋದು ಸುಳ್ಳು. ಕೆ.ಎಂ. ಚಿಣ್ಣಪ್ಪನವರ ಅರ್ಜಿ, 'ವೈಲ್ಡ್‌ಲೈಫ್ ಫಸ್ಟ್' ಸಂಸ್ಥೆಯ ಹೋರಾಟ, ಬೀದಿಗಿಳಿದ ಮಲೆನಾಡಿನ ಜನ ಎಲ್ಲ ಸೇರಿತ್ತು. ಆದರೆ ನಾನು ಇಂಜಿನಿಯರಿಂಗ್ ಓದಿದವನು, ಗ್ರಾಫ್ ನೋಡಿ ಯಾರೂ ಎದ್ದು ಕೂತಿದ್ದು ನಾ ಕಂಡಿಲ್ಲ. ಕೆಂಪು ನೀರು ನೋಡಿದರೆ ಕೂರುತ್ತಾರೆ.

ಹುಲಿಗೆ ಕ್ಯಾಮೆರಾ ಸುಲಭವಾಗಿ ಸಿಗುತ್ತೆ. ಮೀನು ಘರ್ಜಿಸಲ್ಲ, ಟಿಆರ್‌ಪಿನೂ ತರಲ್ಲ. ಮೋಯಾರ್ ನದಿಯಲ್ಲಿ ಈ ಬಿಳಿ ಮೀನು ಇನ್ನೂ ಉಳಿದಿದೆ. ನೀರೊಳಗೆ ಕ್ಯಾಮೆರಾ ಇಳಿಸಬಲ್ಲ ಹುಡುಗ ಹುಡುಗಿಯರು ನೋಡ್ತಾ ಇದ್ದರೆ ಕೇಳಿ, ಹನ್ನೆರಡು ನಿಮಿಷದ ಚಿತ್ರ ಮಾಡಿ ತನ್ನಿ. ರಾತ್ರಿ ಒಂಬತ್ತಕ್ಕೆ ಈ ಜಾಗ ನಾನು ಬಿಟ್ಟುಕೊಡ್ತೀನಿ.