ದುಡಿಯೇ ಸಂಗೀತವಾದಾಗ
(ಉಮ್ಮಚಗಿಯಲ್ಲಿ ನೀಡಿದ ಉಪನ್ಯಾಸದ ಬರಹ ರೂಪ)



ಕನ್ನಡ ಸಿನಿಮಾದ ಸಂಗೀತ ನಿರ್ದೇಶಕರು ಯಾರೆಂದರೆ ಜಿ. ಕೆ. ವೆಂಕಟೇಶ್, ವಿಜಯಭಾಸ್ಕರ್, ರಾಜನ್-ನಾಗೇಂದ್ರ, ಹಂಸಲೇಖ ಎನ್ನುತ್ತೇವೆ. ಬಿ. ವಿ. ಕಾರಂತರ ಹೆಸರು ಸುಲಭಕ್ಕೆ ಬಾಯಿಗೆ ಬರುವುದಿಲ್ಲ. ಅವರು ನಾಟಕದವರು ಎಂದು ಬದಿಗಿಟ್ಟುಬಿಟ್ಟಿದ್ದೇವೆ. ಆದರೆ 1976ರ ‘ಋಷ್ಯಶೃಂಗ’, 1977ರ ‘ಘಟಶ್ರಾದ್ಧ’ - ಎರಡಕ್ಕೂ ಸಂಗೀತ ನಿರ್ದೇಶನದ ರಾಷ್ಟ್ರಪ್ರಶಸ್ತಿ ಪಡೆದವರು ಅವರೇ. ರೇಡಿಯೋಗೆ ಕೋರಿಕೆ ಪತ್ರ ಬರೆದು ಕೇಳುವಂಥ ಹಾಡುಗಳನ್ನು ಅವರ ಚಿತ್ರಗಳು ಕೊಡಲಿಲ್ಲ. ಮರೆವಿಗೆ ಅದೇ ಕಾರಣವಿರಬೇಕು.

ಕಾರಂತರು ಸಂಗೀತ ಬಾರದೆ ಸದ್ದಿಗೆ ಶರಣಾದವರೇನಲ್ಲ. 1929ರಲ್ಲಿ ಬಂಟ್ವಾಳ ಸೀಮೆಯ ಮಂಚಿಯಲ್ಲಿ ಹುಟ್ಟಿ, ಎಳೆಯ ವಯಸ್ಸಿನಲ್ಲೇ ಗುಬ್ಬಿ ಕಂಪನಿ ಸೇರಿದರು. ವೀರಣ್ಣನವರು ಅವರನ್ನು ಓದಲು ಕಾಶಿಗೆ ಕಳಿಸಿದರು. ಅಲ್ಲಿ ಹಿಂದಿ ಎಂ.ಎ.; ಜೊತೆಗೆ ಪಂಡಿತ ಓಂಕಾರನಾಥ ಠಾಕೂರರಲ್ಲಿ ಹಿಂದೂಸ್ತಾನಿ ಸಂಗೀತದ ಪಾಠ. ಆಮೇಲೆ ದೆಹಲಿಯ ರಾಷ್ಟ್ರೀಯ ನಾಟಕ ಶಾಲೆ.

ಇಷ್ಟೆಲ್ಲ ರಾಗ ಬಲ್ಲವರು 1975ರಲ್ಲಿ ‘ಚೋಮನ ದುಡಿ’ ಚಿತ್ರಕ್ಕೆ ಏನು ಮಾಡಿದರು ನೋಡಿ. ನಿರ್ದೇಶನವೂ ಅವರದೇ. ಶಿವರಾಮ ಕಾರಂತರ ಆ ಕಥೆಯಲ್ಲಿ ಚೋಮನಿಗೆ ಬೇಕಾದದ್ದು ಒಂದಿಷ್ಟು ಭೂಮಿ, ತನ್ನದೇ ಬೇಸಾಯ. ಅವನ ಜಾತಿಗೆ ಅದು ಸಲ್ಲದೆಂದು ಊರು ತೀರ್ಮಾನಿಸಿದೆ. ಮಕ್ಕಳು ಒಬ್ಬೊಬ್ಬರಾಗಿ ಕೈತಪ್ಪುತ್ತಾರೆ. ಒಡೆಯನೆದುರು ಆಡಲಾಗದ ಮಾತನ್ನೆಲ್ಲ ಆತ ತನ್ನ ಗುಡಿಸಲಿನಲ್ಲಿ ದುಡಿಯ ಮೇಲೆ ಬಡಿಯುತ್ತಾನೆ. ಬೇರೆಯವರಾಗಿದ್ದರೆ ಈ ದುಃಖದಡಿ ಪಿಟೀಲುಗಳ ಹಾಸಿಗೆ ಹಾಸುತ್ತಿದ್ದರೋ ಏನೋ. ಇಲ್ಲಿ ಹಿನ್ನೆಲೆ ಸಂಗೀತವೆಂಬ ಮಾತೇ ಹೊಂದುವುದಿಲ್ಲ. ಸಂಗೀತ ಚೋಮನ ಕೈಯಲ್ಲೇ ಇದೆ. ಕೊನೆಗೆ ಆತ ಬಾಗಿಲು ಹಾಕಿಕೊಂಡು, ಜೀವ ಹೋಗುವವರೆಗೂ ಬಾರಿಸುತ್ತಾನೆ. ದುಡಿಯನ್ನು ಬರಿಯ ಲಯವೆಂದು ಕೇಳಿದವರಿಗೆ ಈ ಚಿತ್ರ ಅರ್ಧವೇ ದಕ್ಕೀತು.

ಉಮ್ಮಚಗಿಯವರಿಗೆ ಇದನ್ನು ಹೆಚ್ಚು ಬಿಡಿಸಿ ಹೇಳಬೇಕಿಲ್ಲ. ಚಂಡೆಯ ಪೆಟ್ಟು ಬದಲಾದರೆ ಬರುತ್ತಿರುವ ವೇಷ ಎಂಥದೆಂದು ತಿಳಿಯುವ ಕಿವಿ ನಿಮ್ಮದು. ಹಿಮ್ಮೇಳ ಕಥೆಯನ್ನು ಸಿಂಗರಿಸುವುದಿಲ್ಲ, ನಡೆಸುತ್ತದೆ. ಕಾರಂತರು 1979ರಲ್ಲಿ ಮ್ಯಾಕ್‌ಬೆತ್ ನಾಟಕವನ್ನು ಹಿಂದಿಯಲ್ಲಿ ‘ಬರ್ನಮ್ ವನ’ವಾಗಿ ಆಡಿಸಿದಾಗ ಯಕ್ಷಗಾನವನ್ನೇ ನೆಚ್ಚಿಕೊಂಡರು.

ಇಂಥ ಕಿವಿ ನಮ್ಮಲ್ಲಿ ಮಾತ್ರ ಇತ್ತೆಂದಲ್ಲ. ಜಪಾನಿನ ಸಂಯೋಜಕ ತೋರು ತಾಕೆಮಿತ್ಸು 1964ರ ‘ಕ್ವೈದಾನ್’ ಎಂಬ ದೆವ್ವದ ಕಥೆಗಳ ಚಿತ್ರದಲ್ಲಿ ಮರ ಸೀಳುವ ಸದ್ದನ್ನೇ ಸಂಗೀತವಾಗಿಸಿದ್ದರು. ಇಬ್ಬರಿಗೂ ಮೌನದ ಬೆಲೆ ಗೊತ್ತಿತ್ತು. ಕಲ್ಕತ್ತೆಯ ಮೃಣಾಲ್ ಸೇನರು ‘ಏಕ್ ದಿನ್ ಪ್ರತಿದಿನ್’, ‘ಖಾರಿಜ್’ ಚಿತ್ರಗಳಿಗೆ ಕನ್ನಡದ ಕಾರಂತರನ್ನು ಕರೆದದ್ದು ಸುಮ್ಮನೆ ಅಲ್ಲ. ಮನೆಗೆಲಸದ ಹುಡುಗನ ಸಾವಿನ ಸುತ್ತ ಹೆಣೆದ ‘ಖಾರಿಜ್’ 1983ರಲ್ಲಿ ಕಾನ್ ಚಿತ್ರೋತ್ಸವದ ಬಹುಮಾನ ಪಡೆಯಿತು.

ಹಾಡಾದರೆ ಕ್ಯಾಸೆಟ್ಟಿನಲ್ಲಿ, ಜನರ ಬಾಯಲ್ಲಿ ಉಳಿಯುತ್ತದೆ. ಕಾರಂತರ ರಂಗಗೀತೆಗಳು ಹಾಗೆ ಉಳಿದಿವೆ. ಚಿತ್ರಕ್ಕೆ ಅವರು ಕೊಟ್ಟ ಸದ್ದು ಮಾತ್ರ ಚಿತ್ರದೊಳಗೇ ಇದೆ. ರೀಲು ಕೆಟ್ಟರೆ ಅದೂ ಹೋಯಿತು. 2002ರಲ್ಲಿ ಅವರು ತೀರಿಕೊಂಡರು. ಗಿರೀಶ ಕಾಸರವಳ್ಳಿಯವರ ‘ಘಟಶ್ರಾದ್ಧ’ದ ಜೀರ್ಣೋದ್ಧಾರ ನಡೆದು, 2024ರಲ್ಲಿ ಅದು ವೆನಿಸ್ ಚಿತ್ರೋತ್ಸವದಲ್ಲಿ ಪ್ರದರ್ಶನವಾಯಿತು. ಅಲ್ಲಿನ ವೇದಪಾಠಶಾಲೆ, ಮಲೆನಾಡಿನ ಮನೆ ಯಾವುದೂ ನಿಮಗೆ ಹೊಸತಲ್ಲ. ಯಮುನೆಯನ್ನು ಊರು ಹೊರಗಿಡುವ ಹೊತ್ತಿನಲ್ಲಿ ಕಾರಂತರು ಏನನ್ನು ಕೇಳಿಸುತ್ತಾರೆ, ಎಲ್ಲಿ ಸುಮ್ಮನಾಗುತ್ತಾರೆ ಎಂಬುದನ್ನು ನೀವೇ ಕೇಳಿ ನೋಡಬೇಕು.