ಎಷ್ಟನೇ ಕ್ಲಾಸು, ಎಷ್ಟು ವಯಸ್ಸು? ಜೂನ್ 1ರ ಲೆಕ್ಕ



ಮದುವೆ ಮನೆಗೆ ಹೋದ್ರೆ ಯಾರಾದ್ರೂ ಒಬ್ಬರು ಕೇಳೇ ಕೇಳ್ತಾರೆ: "ಈಗ ಎಷ್ಟನೇ ಕ್ಲಾಸಮ್ಮ?" ಅವರಿಗೆ ನಮ್ಮ ಓದಿನ ಬಗ್ಗೆ ಅಂಥಾ ಆಸಕ್ತಿಯೇನೂ ಇರಲ್ಲ. ಅದು ವಯಸ್ಸು ಕೇಳೋ ಮರ್ಯಾದೆಯ ದಾರಿ ಅಷ್ಟೆ. "ಟೆಂತ್" ಅಂದ್ರೆ ಹದಿನೈದು, "ಸೆಕೆಂಡ್ ಪೀಯು" ಅಂದ್ರೆ ಹದಿನೇಳು ಅಂತ ಅವರ ತಲೆಯಲ್ಲಿ ಲೆಕ್ಕ ಆಗಿಬಿಡುತ್ತೆ. ತರಗತಿಗೆ ಐದು ಕೂಡಿಸಿದ್ರೆ ವಯಸ್ಸು. ಎಲ್‌ಕೆಜಿಗೆ ನಾಲ್ಕು, ಯುಕೆಜಿಗೆ ಐದು, ಒಂದನೇ ಕ್ಲಾಸಿಗೆ ಆರು, ಎಸ್ಸೆಸ್ಸೆಲ್ಸಿಗೆ ಹದಿನೈದು, ಡಿಗ್ರಿ ಮೊದಲ ವರ್ಷಕ್ಕೆ ಹದಿನೆಂಟು.

ಹೆಸರುಗಳು ಮಾತ್ರ ಊರಿಂದ ಊರಿಗೆ ಬದಲಾಗ್ತವೆ. ಮೈಸೂರು ಕಡೆ "ನಾಲ್ಕನೇ ಕ್ಲಾಸು" ಅನ್ನೋದನ್ನ ಬೆಳಗಾವಿ ಕಡೆಯ ಹಿರಿಯರು, ಸೊಲ್ಲಾಪುರ, ಜತ್ತದ ಕನ್ನಡ ಶಾಲೆಯವರು "ನಾಲ್ಕನೇ ಇಯತ್ತೆ" ಅಂತಾರೆ. ಅದು ಮರಾಠಿಯಿಂದ ಬಂದಿದ್ದು. ಹೈದರಾಬಾದಿನಲ್ಲಿರೋ ನಿಮ್ಮ ಫ್ರೆಂಡು "ಇಂಟರ್" ಓದ್ತಿದೀನಿ ಅಂದ್ರೆ ಅದು ನಮ್ಮ ಪೀಯುಸಿ. ಚೆನ್ನೈಯಲ್ಲಿ "ಪ್ಲಸ್ ಟು". ದೆಹಲಿಯಲ್ಲಿ ಹನ್ನೊಂದು, ಹನ್ನೆರಡನೇ ಕ್ಲಾಸಿನವರು ಯೂನಿಫಾರ್ಮ್ ಹಾಕ್ಕೊಂಡು ಸ್ಕೂಲಿಗೇ ಹೋಗ್ತಾರೆ. ನಾವು ಹದಿನಾರಕ್ಕೇ "ಕಾಲೇಜು ಸೇರಿದೆ" ಅಂತ ಮೀಸೆ ತಿರುವ್ತೀವಿ. ವಿದೇಶದ ಯೂನಿವರ್ಸಿಟಿ ಫಾರ್ಮಲ್ಲಿ ಪೀಯುಸಿಯನ್ನ ಕಾಲೇಜಿನ ಎರಡು ವರ್ಷ ಅಂತ ತುಂಬಿದ್ರೆ ಗೊಂದಲ ಗ್ಯಾರಂಟಿ. ಹನ್ನೆರಡನೇ ತರಗತಿಗೆ ಸಮ ಅಂತ ಬರೀಬೇಕು. ಇಂಗ್ಲೆಂಡಿನಲ್ಲಿ "ಇಯರ್ ಒನ್" ಮಗುವಿಗೆ ಐದು ವರ್ಷ, ಹಾಗಾಗಿ ಅಲ್ಲಿ ಹನ್ನೆರಡಲ್ಲ, "ಇಯರ್ ಥರ್ಟೀನ್" ತನಕ ಓದು. ಅಮೆರಿಕದಲ್ಲಿ ಒಂಬತ್ತನೇ ಗ್ರೇಡಿನ ಹದಿನಾಲ್ಕರ ಹುಡುಗನೂ "ಫ್ರೆಶ್‌ಮನ್", ಕಾಲೇಜು ಸೇರಿದ ಹದಿನೆಂಟರವನೂ "ಫ್ರೆಶ್‌ಮನ್". ಅವರ ಸಿನಿಮಾ ನೋಡುವಾಗ ಇದನ್ನ ನೆನಪಿಟ್ಕೊಳ್ಳಿ.

ಇಲ್ಲೀವರೆಗೆ ತಮಾಷೆ. ಈಗ ಜೂನ್ 1ಕ್ಕೆ ಬರ್ತೀನಿ.

ನಮ್ಮಪ್ಪನ ಹುಟ್ಟಿದ ದಿನ ಜೂನ್ 1. ಚಿಕ್ಕಪ್ಪಂದೂ ಜೂನ್ 1. ನಿಮ್ಮ ಮನೆಯಲ್ಲೂ ಒಬ್ಬರಾದ್ರೂ ಇರ್ತಾರೆ, ಹೋಗಿ ಆಧಾರ್ ಕಾರ್ಡ್ ನೋಡಿ. ಅಜ್ಜಿ ಹೇಳೋ ಪ್ರಕಾರ ಅಪ್ಪ ಹುಟ್ಟಿದ್ದು ಗೌರಿ ಹಬ್ಬ ಕಳೆದ ಮೂರನೇ ದಿನ. ಆದ್ರೆ ಶಾಲೆಗೆ ಸೇರಿಸೋಕೆ ಕರ್ಕೊಂಡು ಹೋದಾಗ ಮೇಷ್ಟ್ರಿಗೆ ಬೇಕಾಗಿದ್ದು ತಾರೀಖು. ಹಬ್ಬದ ಲೆಕ್ಕ ರಿಜಿಸ್ಟರ್‌ನಲ್ಲಿ ಬರಿಯೋಕಾಗಲ್ಲ. ಶಾಲೆ ಶುರುವಾಗೋ ಹೊತ್ತಿಗೆ ವಯಸ್ಸು ತುಂಬಿರಬೇಕು, ಹಾಗಾಗಿ ಜೂನ್ 1 ಅಂತ ಬರೆದ್ರು, ಮುಗೀತು. ಅದೇ ತಾರೀಖು ಎಸ್ಸೆಸ್ಸೆಲ್ಸಿ ಅಂಕಪಟ್ಟಿಗೆ ಹೋಯ್ತು, ಅಲ್ಲಿಂದ ಸರ್ವೀಸ್ ರಿಜಿಸ್ಟರಿಗೆ. ತಿಂಗಳ ಒಂದನೇ ತಾರೀಖು ಹುಟ್ಟಿದ ಸರ್ಕಾರಿ ನೌಕರರು ಅದರ ಹಿಂದಿನ ತಿಂಗಳ ಕೊನೇ ದಿನವೇ ನಿವೃತ್ತರಾಗ್ತಾರೆ. ಮೇ 31ಕ್ಕೆ ರಾಜ್ಯದಲ್ಲಿ ಅಷ್ಟೊಂದು ಜನಕ್ಕೆ ಶಾಲು, ಹಾರ ಹಾಕೋದು ಯಾಕೆ ಅಂತ ಈಗ ಗೊತ್ತಾಯ್ತಲ್ಲ? ಅಪ್ಪನಿಗೆ ಮೂರು ತಿಂಗಳ ಸಂಬಳ ಹೋಯ್ತು. "ಮೇಷ್ಟ್ರು ಓದು ಕಲಿಸಿದ್ರಲ್ಲ, ಬಿಡು" ಅಂತಾರೆ ಅವರು. ನಾನಾಗಿದ್ರೆ ಬಿಡ್ತಿರಲಿಲ್ಲ.

ನಮ್ಮ ತಲೆಮಾರಿಗೆ ಆ ತಾರೀಖು ಬೇರೆ ರೂಪದಲ್ಲಿ ಬಂದಿದೆ. ಒಂದನೇ ಕ್ಲಾಸಿಗೆ ಸೇರೋಕೆ ಜೂನ್ 1ಕ್ಕೆ ಆರು ವರ್ಷ ತುಂಬಿರಲೇಬೇಕು ಅಂತ ರಾಜ್ಯ ಸರ್ಕಾರ 2022ರಲ್ಲಿ ಆದೇಶ ಮಾಡ್ತು. ಪೋಷಕರು ಗಲಾಟೆ ಮಾಡಿದ್ಮೇಲೆ ಜಾರಿಯನ್ನ 2025-26ಕ್ಕೆ ಮುಂದೂಡಿದ್ರು. ಆ ವರ್ಷವೂ ಬಂತು. ನಮ್ಮಕ್ಕನ ಮಗಳು ಹುಟ್ಟಿದ್ದು 2019ರ ಆಗಸ್ಟಿನಲ್ಲಿ. ಯುಕೆಜಿ ಮುಗಿಸಿದಾಳೆ, ಹೊಸ ಬ್ಯಾಗೂ ತಗೊಂಡಾಗಿದೆ. ಜೂನ್ 1ಕ್ಕೆ ಅವಳಿಗೆ ಐದು ವರ್ಷ ಒಂಬತ್ತು ತಿಂಗಳು. ಮತ್ತೆ ಯುಕೆಜಿಗೆ ಕೂರಿಸ್ಬೇಕಾ? ಅಕ್ಕ ಭಾವ ತಿಂಗಳುಗಟ್ಟಲೆ ಇದೇ ಮಾತು. ಖಾಸಗಿ ಶಾಲೆಯಲ್ಲಿ ಇನ್ನೊಂದು ವರ್ಷ ಅಂದ್ರೆ ಇನ್ನೊಂದು ವರ್ಷದ ಫೀಸು. 2025ರ ಏಪ್ರಿಲ್‌ನಲ್ಲಿ ಶಿಕ್ಷಣ ಸಚಿವ ಮಧು ಬಂಗಾರಪ್ಪ ಸಡಿಲಿಕೆ ಘೋಷಿಸಿದ್ರು: ಎಲ್‌ಕೆಜಿ, ಯುಕೆಜಿ ಮುಗಿಸಿದ್ರೆ ಐದು ವರ್ಷ ಐದು ತಿಂಗಳು ಸಾಕು, ರಾಜ್ಯ ಪಠ್ಯಕ್ರಮದ ಶಾಲೆಗಳಿಗೆ, ಆ ಒಂದು ವರ್ಷಕ್ಕೆ ಮಾತ್ರ. ಇವಳು ಪಾರಾದ್ಲು. ಇವಳ ಪಕ್ಕ ಕೂರ್ತಿದ್ದ ಪುಟ್ಟ ಹುಡುಗ ಹುಟ್ಟಿದ್ದು 2020ರ ಜನವರಿ ನಡುವಲ್ಲಿ. ಹದಿನೈದು ದಿನ ಕಡಿಮೆ ಬಿತ್ತು. ಅವನು ಅಲ್ಲೇ ಉಳ್ಕೊಂಡ.

ನನ್ನ ಅಭಿಪ್ರಾಯ ಕೇಳಿದ್ರೆ, ಆರು ವರ್ಷ ಅನ್ನೋದು ಸರಿಯಾಗೇ ಇದೆ. ಶಿಕ್ಷಣ ಹಕ್ಕು ಕಾಯ್ದೆ ಮಾತಾಡೋದೂ ಆರರಿಂದ ಹದಿನಾಲ್ಕರವರೆಗಿನ ಮಕ್ಕಳ ಬಗ್ಗೆ. ನಿಯಮವನ್ನ ಎಲ್‌ಕೆಜಿ ಬಾಗಿಲಲ್ಲೇ ಹೇಳಬೇಕಿತ್ತು. ಮೂರೂವರೆಗೆ ಮಗುವನ್ನ ಸೇರಿಸ್ಕೊಂಡು, ಎರಡು ವರ್ಷ ಫೀಸು ತಗೊಂಡು, ಆಮೇಲೆ ವಯಸ್ಸು ಸಾಲ್ದು ಅಂದ್ರೆ ಹೇಗೆ?

ಬೇಗ ಸೇರಿಸಿದ್ರೆ ಆಮೇಲೂ ಲೆಕ್ಕ ತಪ್ಪುತ್ತೆ. ನೀಟ್ ಬರೆಯೋರಿಗೆ ಪ್ರವೇಶದ ವರ್ಷದ ಡಿಸೆಂಬರ್ 31ಕ್ಕೆ ಹದಿನೇಳು ತುಂಬಿರಬೇಕು. ಎಷ್ಟೇ ರ‍್ಯಾಂಕ್ ಬರೋ ಹಾಗಿದ್ರೂ ಆ ಡಿಸೆಂಬರ್ 31ಕ್ಕೂ ಹದಿನೇಳು ತುಂಬದವರು ಕಾಯ್ಬೇಕು.

ಇನ್ನೊಂದು ಲೆಕ್ಕ ಇದಕ್ಕಿಂತ ಭಯದ್ದು. "ಪೀಯುಸಿ ಮುಗಿಸಿದಾಳೆ, ಇನ್ನೇನು, ಮದುವೆ ವಯಸ್ಸಾಯ್ತು" ಅನ್ನೋ ಮಾತು ನೀವೂ ಕೇಳಿರ್ತೀರ. ಐದೂವರೆಗೆ ಒಂದನೇ ಕ್ಲಾಸು ಸೇರಿದ ಹುಡುಗಿ ಸೆಕೆಂಡ್ ಪೀಯು ಪರೀಕ್ಷೆ ಬರೆದ ಬೇಸಿಗೆಯಲ್ಲಿ ಅವಳಿಗೆ ಹದಿನೇಳೂವರೆ ಕೂಡ ಆಗಿರಲ್ಲ. ಕಾನೂನು ನೋಡೋದು ಕ್ಲಾಸನ್ನಲ್ಲ, ಹದಿನೆಂಟು ತುಂಬಿದೆಯಾ ಅನ್ನೋದನ್ನ. ಬಾಲನ್ಯಾಯ ಕಾಯ್ದೆಯಲ್ಲಿ ವಯಸ್ಸಿಗೆ ಮೊದಲ ಪುರಾವೆ ಅಂತ ಹೇಳಿರೋದು ಶಾಲೆಯ ಜನ್ಮ ದಿನಾಂಕ ಪತ್ರ ಅಥವಾ ಹತ್ತನೇ ತರಗತಿ ಪ್ರಮಾಣಪತ್ರ. ಅದಿಲ್ಲದಿದ್ರೆ ಜನನ ಪತ್ರ, ಅದೂ ಇಲ್ಲದಿದ್ರೆ ಮೂಳೆ ಪರೀಕ್ಷೆ. ಅಂದ್ರೆ ಅಂಕಪಟ್ಟಿಯ ಆ ಒಂದು ಸಾಲು ಒಂದು ಹುಡುಗಿಯ ಮದುವೆ ನಿಲ್ಲಿಸಬಹುದು. ನಿಮ್ಮ ಕ್ಲಾಸಲ್ಲಿ ಯಾರಿಗಾದ್ರೂ ಹೀಗಾಗ್ತಿದ್ರೆ 1098ಕ್ಕೆ ಫೋನ್ ಮಾಡಿ. ದುಡ್ಡು ಬೇಕಾಗಿಲ್ಲ.

2023ರ ಅಕ್ಟೋಬರ್ 1ರ ನಂತರ ಹುಟ್ಟಿದ ಮಕ್ಕಳಿಗೆ ಶಾಲೆ ಸೇರೋಕೂ ಜನನ ಪ್ರಮಾಣಪತ್ರವೇ ಪುರಾವೆ. ಜೂನ್ 1ರ ಹುಟ್ಟುಹಬ್ಬಗಳು ಇನ್ನು ಕಡಿಮೆಯಾಗ್ತವೆ. ನಿಮ್ಮಲ್ಲಿ ಈ ವರ್ಷ ಟೆಂತ್ ಬರೀತಿರೋರು ಪ್ರವೇಶಪತ್ರ ಕೈಗೆ ಬಂದ ದಿನವೇ ಹೆಸರಿನ ಜೊತೆ ಹುಟ್ಟಿದ ತಾರೀಖನ್ನೂ ಜನನ ಪತ್ರ ಪಕ್ಕ ಇಟ್ಟು ನೋಡಿ. ತಪ್ಪಿದ್ರೆ ಆಗಲೇ ಹೆಡ್‌ಮಾಸ್ಟರ್ ಹತ್ರ ಹೋಗಿ. ಅಂಕಪಟ್ಟಿ ಬಂದ್ಮೇಲೆ ತಿದ್ದಿಸೋಕೆ ಹೊರಟ್ರೆ ಚಪ್ಪಲಿ ಸವೆಯುತ್ತೆ.

ಮುಂದಿನ ವಾರ ಸಿಗೋಣ. ನಿಮ್ಮ ಊರಲ್ಲಿ ಕ್ಲಾಸಿಗೆ ಬೇರೆ ಹೆಸರಿದ್ರೆ ವಾಯ್ಸ್ ನೋಟ್ ಕಳಿಸಿ, ಕೇಳಿಸ್ತೀನಿ.